ದನ ಮೇಯ್ದ ಮನೆ

ನಮ್ಮ ಮನೆಯಲ್ಲಿ ಜರ್ಮನ್ನರಿಗೆ ಇದ್ದ ಮರ್ಯಾದೆ ನಮ್ಮಜ್ಜನಿಗೂ ಇರಲಿಲ್ಲ. ಅಜ್ಜನ ಫೋಟೋ ನಡುಮನೆಯ ಮೂಲೆಯಲ್ಲಿ, ಕೊಡೆ ನೇತುಹಾಕುವ ಮೊಳೆಯ ಪಕ್ಕದಲ್ಲಿತ್ತು; ಮಳೆ ಬಂದ ದಿನ ಒದ್ದೆ ಕೊಡೆ ಅವರ ಮುಖದ ಮೇಲೇ ತೊಟ್ಟಿಕ್ಕುತ್ತಿತ್ತು. ಜರ್ಮನ್ನರು ಮಾತ್ರ ಮಠದ ಸ್ವಾಮಿಗಳ ಫೋಟೋಗೆ ಜೋಡಿಯಾಗಿ, ಹೊಸ್ತಿಲು ದಾಟಿದವರ ಕಣ್ಣಿಗೆ ಮೊದಲು ಬೀಳುವ ಹಾಗೆ, ಗಾಜಿನ ಕಟ್ಟು ಹಾಕಿಸಿಕೊಂಡು ನಿಂತಿದ್ದರು. ಯಾವುದೋ ಕಾಲದಲ್ಲಿ ಜರ್ಮನಿ ಬಿಟ್ಟು, ಹಡಗು ಹತ್ತಿ ಅಮೆರಿಕಕ್ಕೆ ಹೋಗಿ, ಅಲ್ಲಿಯ ಪಶ್ಚಿಮದ ಬಯಲಿನಲ್ಲಿ ನೆಲೆ ನಿಂತ ಒಂದು ರೈತ ಸಂಸಾರದ ಚಿತ್ರ ಅದು. ಗಡ್ಡದ ಯಜಮಾನ, ತಲೆಗೆ ಬಿಳಿ ಬಟ್ಟೆ ಕಟ್ಟಿದ ಹೆಂಡತಿ, ಎತ್ತರದ ಪ್ರಕಾರ ಸಾಲಾಗಿ ನಿಲ್ಲಿಸಿದ ಮಕ್ಕಳು. ಒಬ್ಬರ ಮುಖದಲ್ಲೂ ನಗು ಇಲ್ಲ. ಅವರ ಹಿಂದೆ ಹುಲ್ಲಿನ ಬೇರು ಸಮೇತ ಮಣ್ಣನ್ನು ಇಟ್ಟಿಗೆಯ ಹಾಗೆ ಕತ್ತರಿಸಿ ಪೇರಿಸಿದ ಮನೆ, ಆ ಮನೆಯ ಸೂರಿನ ಮೇಲೆ ಒಂದು ಹಸು. ಗಡ್ಡ ಇದ್ದವರೆಲ್ಲ ನಮ್ಮಜ್ಜಿಗೆ ಸ್ವಾಮಿಗಳೇ. ದಿನಾ ಲಿಂಗಪೂಜೆ ಮುಗಿಸಿ ಬಂದು ಸ್ವಾಮಿಗಳಿಗೂ ಆ ಜರ್ಮನ್ ರೈತನಿಗೂ ಒಂದೇ ಬೆರಳಲ್ಲಿ ವಿಭೂತಿ ಹಚ್ಚುತ್ತಿದ್ದಳು. ಅಪ್ಪ ಒಂದು ದಿನವೂ ತಡೆಯಲಿಲ್ಲ. ಸಲ್ಲಬೇಕಾದವರಿಗೇ ಸಲ್ಲುತ್ತಿದೆ ಎಂಬ ಭಾವ ಅವರದು.

ಅಪ್ಪ ಹಳೇಬೀಡಿನ ಹೈಸ್ಕೂಲಿನಲ್ಲಿ ಇತಿಹಾಸದ ಮೇಷ್ಟ್ರು. ಭಾನುವಾರ ಬಂತೆಂದರೆ ಇಸ್ತ್ರಿ ಷರಟು ಹಾಕಿಕೊಂಡು ದೇವಸ್ಥಾನದ ಹತ್ತಿರ ಹೋಗಿ ನಿಲ್ಲುವರು. ದುಡ್ಡಿಗಲ್ಲ, ಅಷ್ಟಾದರೂ ಬುದ್ಧಿ ಇದ್ದಿದ್ದರೆ ಮನೆಗೆ ಉಪಯೋಗವಾಗುತ್ತಿತ್ತು. ಬಿಳಿಯರ ಜೊತೆ ಇಂಗ್ಲಿಷ್ ಮಾತಾಡುವ ಚಟ. ಹಾಗೆ ಸಿಕ್ಕವನೊಬ್ಬ ಅಮೆರಿಕದವ. ಅವನ ಮುತ್ತಜ್ಜ ಜರ್ಮನಿಯಿಂದ ವಲಸೆ ಹೋದ ರೈತನಂತೆ. ಊರಿಗೆ ಹಿಂದಿರುಗಿದ ಮೇಲೆ ಆ ಪುಣ್ಯಾತ್ಮ ನೆನಪಿಟ್ಟುಕೊಂಡು, ಆ ವಲಸಿಗರ ಚರಿತ್ರೆಯ ದಪ್ಪ ಪುಸ್ತಕವೊಂದನ್ನೂ ಈ ಚಿತ್ರವನ್ನೂ ಅಂಚೆಯಲ್ಲಿ ಕಳಿಸಿದ. ಅಲ್ಲಿಗೆ ನಮ್ಮ ಮನೆಯ ಗ್ರಹಚಾರ ಶುರುವಾಯಿತು. ಹಿಂದಿನವರು ಕಲ್ಲಿನಲ್ಲಿ ಅಷ್ಟು ಚೆಂದ ಕೆತ್ತಿಟ್ಟು ಹೋದ ಊರಿನಲ್ಲಿ ಹುಟ್ಟಿದ ಮನುಷ್ಯ, ಹುಲ್ಲುಹೆಂಟೆಯಲ್ಲಿ ಮನೆ ಕಟ್ಟಿದವರ ಗುಲಾಮರಾಗಿಬಿಟ್ಟರು. ಆಗ ನನಗೆ ಹತ್ತರ ಸುಮಾರು ವಯಸ್ಸು. ಒಬ್ಬಳೇ ಮಗಳು, ಆದ್ದರಿಂದ ಆ ಮನೆಯಲ್ಲಿ ಅಪ್ಪನ ಭಾಷಣದಿಂದ ತಪ್ಪಿಸಿಕೊಳ್ಳಲು ನನಗೆ ಬೇರೆ ಯಾರ ಬೆನ್ನ ಮರೆಯೂ ಇರಲಿಲ್ಲ.

ಸಂಜೆ ದೀಪ ಹಚ್ಚಿದ ಮೇಲೆ ಅಪ್ಪ ಹಜಾರದ ಕುರ್ಚಿಯಲ್ಲಿ ಕೂತು ಪುಸ್ತಕ ತೆರೆಯುವರು. ಒಂದು ಸಾಲು ಇಂಗ್ಲಿಷ್ ಓದುವುದು, ಕನ್ನಡದಲ್ಲಿ ಹೇಳುವುದು. ಅಜ್ಜಿ ಬತ್ತಿ ಹೊಸೆಯುತ್ತಾ, ಅವ್ವ ಅವರೆಕಾಳು ಹಿತುಕುತ್ತಾ, ನಾನು ಆಕಳಿಸುತ್ತಾ ಕೇಳಬೇಕು. ಆ ಜರ್ಮನ್ನರು ಬರಿಗೈಲಿ ಬಂದರಂತೆ. ಮರ ಕಡಿದರಂತೆ, ನೆಲ ಉತ್ತರಂತೆ, ಹಿಮದಲ್ಲಿ ಸತ್ತರಂತೆ, ಸತ್ತವರನ್ನು ಹೂತು ಮತ್ತೆ ಉತ್ತರಂತೆ. ಐದು ವರ್ಷ ಜಾಗ ಬಿಟ್ಟು ಕದಲದೆ, ಅಲ್ಲೇ ಮನೆ ಕಟ್ಟಿಕೊಂಡು ಬೇಸಾಯ ಮಾಡಿದವನಿಗೆ ಅಲ್ಲಿಯ ಸರ್ಕಾರ ಆ ಜಮೀನನ್ನು ಅವನ ಹೆಸರಿಗೇ ಬರೆದುಕೊಡುತ್ತಿತ್ತಂತೆ. ಈ 'ಐದು ವರ್ಷ' ಎಂಬ ಮಾತು ಬಂದಾಗ ಅಪ್ಪನ ಗಂಟಲು ಕಟ್ಟುತ್ತಿತ್ತು. ಸ್ವಂತ ಅಪ್ಪ ಸತ್ತಾಗಲೂ ಕಟ್ಟಿರಲಿಲ್ಲ ಎಂದು ಅಜ್ಜಿ ನನ್ನ ಕಿವಿಯಲ್ಲಿ ಹೇಳಿದ್ದಳು. ಒಂದು ಸಂಜೆ, ಜರ್ಮನ್ನರ ಒಳ್ಳೆಯತನಕ್ಕೆ ಸಾಕ್ಷಿಯಾಗಿ ಒಂದು ಅಧ್ಯಾಯ ಓದಿದರು. ಒಂದು ಕಡೆ ಆ ವಲಸಿಗರು ಅಲ್ಲಿಯ ಮೂಲದ ಜನರ ಮುಖಂಡರನ್ನು ಕರೆಸಿ, ಎದುರುಬದುರು ಕೂತು, ಉಡುಗೊರೆ ಕೊಟ್ಟು, ನಾವು ಇಲ್ಲಿ ಇರುತ್ತೇವೆ ಎಂದು ಒಪ್ಪಂದ ಮಾಡಿಕೊಂಡರಂತೆ. ಅವ್ವ ಅವರೆಕಾಳಿನ ಮೊರ ಕೆಳಗಿಟ್ಟಳು.

"ಖಾಲಿ ಜಾಗ ಅಂತಿದ್ರಲ್ರೀ. ಅಲ್ಲಿ ಜನ ಇದ್ರಾ?"

"ಇದ್ರು ಕಣೆ. ಇದ್ರೂ ಇಲ್ಲದ ಹಾಗೇ. ಅವರು ಉಳ್ತಿರಲಿಲ್ಲ, ಬಿತ್ತುತಿರಲಿಲ್ಲ. ಸುಮ್ನೆ ಬರೋರು, ಹೋಗೋರು, ಬೇಟೆ ಆಡೋರು."

"ಅವರೂ ಏನೋ ತಿಂತಿದ್ರು ತಾನೇ? ಆಮೇಲೆ ಎಲ್ಲಿಗೆ ಹೋದ್ರು?"

"ಎಲ್ಲಿಗೋ ಹೋದ್ರು. ಅದು ಬೇರೆ ಚರಿತ್ರೆ."

ಬೇರೆ ಚರಿತ್ರೆ. ಮುಂದೆ ನಾನೂ ಹಟಕ್ಕೆ ಬಿದ್ದು ಇತಿಹಾಸವನ್ನೇ ಓದಿ, ಅರಸೀಕೆರೆಯಲ್ಲಿ ಹೆಣ್ಣುಮಕ್ಕಳ ಶಾಲೆಯಲ್ಲಿ ಅದನ್ನೇ ಕಲಿಸಿ ನಿವೃತ್ತಳಾದೆ. ಆ ಜರ್ಮನ್ನರ ಬಗ್ಗೆ ಕೈಗೆ ಸಿಕ್ಕಿದ್ದನ್ನೆಲ್ಲ ಓದಿದ್ದೇನೆ. ಅವರು ಗೈಮೆಯ ಜನ, ಅದರಲ್ಲಿ ಎರಡು ಮಾತಿಲ್ಲ. ಅವರ ಹೆಂಗಸರು ಪಟ್ಟ ಪಾಡು ನಮ್ಮವ್ವ ಪಟ್ಟದ್ದಕ್ಕಿಂತ ದೊಡ್ಡದು. ಆದರೆ ಎದುರಿಗೆ ಕೂತವನ ಕೈಗೆ ಉಡುಗೊರೆ ಕೊಟ್ಟು ಒಪ್ಪಂದ ಮಾಡಿಕೊಂಡವನ ಮೊಮ್ಮಗ, ಆಮೇಲೆ 'ಇಲ್ಲಿ ಯಾರೂ ಇರಲಿಲ್ಲ' ಎಂದು ಪುಸ್ತಕ ಬರೆದರೆ ಅವನಿಗೆ ಏನೆನ್ನಬೇಕು? ಅದನ್ನು ಹಳೇಬೀಡಿನಲ್ಲಿ ಕೂತು ಗಂಟಲು ಕಟ್ಟಿಕೊಂಡು ಓದಿದವರಿಗೆ ಏನೆನ್ನಬೇಕು ಎಂಬುದು ಮಾತ್ರ ನನಗೆ ಗೊತ್ತು, ಬರೆಯಲು ಕೈ ಬಾರದು. ಎಷ್ಟೆಂದರೂ ಅಪ್ಪ.

ಅಪ್ಪ ಮೊದಲು ಅಡುಗೆಮನೆಗೆ ಕೈ ಹಾಕಿದರು. ಜರ್ಮನ್ನರು ಚಳಿಗಾಲಕ್ಕೆಂದು ಎಲೆಕೋಸು ಹೆಚ್ಚಿ, ಉಪ್ಪು ಬೆರೆಸಿ, ಹುಳಿ ಬರಿಸಿ ಇಡುತ್ತಿದ್ದರಂತೆ. ಸರಿ, ನಮ್ಮ ಮನೆಗೂ ಸಂತೆಯಿಂದ ಚೀಲಗಟ್ಟಲೆ ಕೋಸು ಬಂತು. ಅಜ್ಜಿಯ ಉಪ್ಪಿನಕಾಯಿ ಭರಣಿ ಖಾಲಿಯಾಯಿತು. ಅಪ್ಪ ತಾವೇ ಕೋಸು ತುಂಬಿ, ಮೇಲೆ ರುಬ್ಬುವ ಗುಂಡು ಹೇರಿ, ಯಾರೂ ಮುಟ್ಟಬಾರದೆಂದು ಅಪ್ಪಣೆ ಮಾಡಿದರು. ವಾರ ಕಳೆಯುವುದರೊಳಗೆ ಅಟ್ಟದಲ್ಲಿ ಇಲಿ ಸತ್ತಿದೆ ಎಂದು ಅಜ್ಜಿ ಆಳು ಕರೆಸಿ ಮನೆಯೆಲ್ಲ ಹುಡುಕಿಸಿದಳು. ನಾವು ಮುದ್ದೆ, ಸೊಪ್ಪಿನ ಸಾರು ತಿನ್ನುವ ಜನ. ಮುದ್ದೆಯ ಪಕ್ಕದಲ್ಲಿ ಆ ಕೊಳೆತ ಕೋಸು ಬಡಿಸಿಕೊಂಡು ಅಪ್ಪ ಒಬ್ಬರೇ ತಿಂದರು, ಕಣ್ಣಲ್ಲಿ ನೀರು ಬಂದರೂ ಬಿಡಲಿಲ್ಲ. ಉಳಿದದ್ದನ್ನು ಅವ್ವ ಹಾಲಿನ ಪುಟ್ಟಕ್ಕನ ಹಸುವಿಗೆ ಹಾಕಿಸಿದಳು. ಪುಟ್ಟಕ್ಕ ಪಕ್ಕದ ಬಸ್ತಿಹಳ್ಳಿಯವಳು, ನಾನು ಹುಟ್ಟುವ ಮೊದಲಿಂದ ನಮ್ಮ ಮನೆಗೆ ದಿನಾ ವರ್ತನೆ ಹಾಲು ಹಾಕುತ್ತಿದ್ದವಳು, ಹಿತ್ತಲ ಬಾಗಿಲಲ್ಲಿ ಬಂದು ಹಿತ್ತಲ ಬಾಗಿಲಲ್ಲೇ ಹೋಗುವವಳು. ಅವಳ ಹಸು ಕೆಂದಿ ಆ ಕೋಸನ್ನು ಒಂದು ಸಲ ಮೂಸಿ, ಮುಖ ತಿರುವಿ ನಿಂತಿತು. ಮನೆಯಲ್ಲಿ ನನಗೆ ಸರಿಯೆನ್ನಿಸಿದ ಮೊದಲ ವಿಮರ್ಶೆ ಅದೇ.

ಕೋಸಿಗೇ ನಿಂತಿದ್ದರೆ ನಾನು ಇದನ್ನು ಬರೆಯುತ್ತಿರಲಿಲ್ಲ. ಬಸ್ತಿಹಳ್ಳಿಯ ಆಚೆ ಸರ್ಕಾರಿ ಗೋಮಾಳ ಇತ್ತು, ಊರ ದನಗಳು ಮೇಯುವ ಬಯಲು. ಅದನ್ನು ಮಂಜೂರು ಮಾಡಿಸಿಕೊಂಡು ಜರ್ಮನ್ನರ ಹಾಗೆ ಹೊಲ ಮಾಡಬೇಕು ಎಂಬುದು ಅಪ್ಪನ ತಲೆಗೆ ಹೊಕ್ಕಿತು. ತಾವು ಸರ್ಕಾರಿ ಸಂಬಳದವರು, ತಮ್ಮ ಹೆಸರಿಗೆ ಸಿಗುವುದಿಲ್ಲ. ಅದಕ್ಕೇ ಅವ್ವನ ಹೆಸರಿನಲ್ಲಿ ಅರ್ಜಿ ಬರೆದು, 'ಇಲ್ಲಿ ರುಜು ಹಾಕು' ಎಂದರು. ಅವ್ವ ಒಲೆಯ ಮುಂದಿಂದ ಎದ್ದು ಬಂದು, ಕೈ ಒರೆಸಿಕೊಂಡು ಹಾಕಿದಳು. ಅಪ್ಪ ಅದನ್ನು ಬೇಲೂರಿನ ತಾಲ್ಲೂಕು ಕಚೇರಿಗೆ ಕೊಟ್ಟು ಬಂದರು. ಅಲ್ಲಿ ಹೋಗಿ ವಾಸ ಮಾಡಿ ಎಂದು ನಮ್ಮ ಸರ್ಕಾರ ಯಾರಿಗೂ ಹೇಳಿರಲಿಲ್ಲ. ಅದು ಜರ್ಮನ್ನರಿಗೆ ಅಮೆರಿಕದ ಸರ್ಕಾರ ಹಾಕಿದ ಷರತ್ತು. ನಮ್ಮಪ್ಪ ಸಮುದ್ರದಾಚೆಯ ಕಾನೂನನ್ನು ತಂದು ಹೆಂಡತಿಯ ತಲೆಯ ಮೇಲೆ ಹಾಕಿದರು: ಐದು ವರ್ಷ ಗೋಮಾಳದಲ್ಲೇ ಮನೆ ಕಟ್ಟಿಕೊಂಡು ಇರಬೇಕು.

ಈ ಸುದ್ದಿ ಬಸ್ತಿಹಳ್ಳಿಗೆ ಮುಟ್ಟಿದ ಮಾರನೆಯ ದಿನ ಹಾಲು ಬರಲಿಲ್ಲ. ಅವ್ವ ನನ್ನನ್ನು ಕಳಿಸಿದಳು. ಪುಟ್ಟಕ್ಕ ಕೊಟ್ಟಿಗೆಯಲ್ಲಿ ಕೂತಿದ್ದಳು, ಕೆಂದಿಯ ಕೆಚ್ಚಲು ತುಂಬಿ ಬಿಗಿದಿತ್ತು.

"ಹಾಲು ಬತ್ತೋಗೈತೆ ಅಂತ ಹೇಳು ಮಗಾ ನಿಮ್ಮವ್ವಂಗೆ."

ನಾನು ಬಂದು ಹಾಗೇ ಹೇಳಿದೆ. ಅವತ್ತಿಂದ ಮನೆಯಲ್ಲಿ ಕರಿ ಕಾಫಿ. ಅಜ್ಜಿ ಮಾತ್ರ ಕುಡಿಯುವಾಗಲೆಲ್ಲ ಒಂದೊಂದು ಬೈಗುಳ ಸೇರಿಸಿಕೊಂಡು ಕುಡಿಯುತ್ತಿದ್ದಳು. ಮನೆಗೆ ಬೇರೆಯವರಿಂದ ಹಾಲು ತರಿಸಬಹುದಿತ್ತು. ಅವ್ವ ತರಿಸಲಿಲ್ಲ, ಅದಕ್ಕೆ ಕಾರಣ ಯಾರಿಗೂ ಹೇಳಲಿಲ್ಲ.

ಬೇಸಿಗೆ ರಜೆಯಲ್ಲಿ ಮನೆ ಎದ್ದಿತು. ಊರಿನ ಗಾರೆಯವನನ್ನು ಕೇಳಿದರೆ ಅವನು ಒಂದು ಸಲ ಅಪ್ಪನ ಮುಖ, ಒಂದು ಸಲ ಚಿತ್ರ ನೋಡಿ, ಮಗಳ ಮದುವೆ ಇದೆ ಸಾರ್ ಎಂದು ಜಾರಿಕೊಂಡ. ಅಪ್ಪ ಹಗರೆಯಿಂದ ನೇಗಿಲು, ಎತ್ತು ಬಾಡಿಗೆಗೆ ತರಿಸಿದರು. ಕೆರೆಯಂಗಳದಲ್ಲಿ ಗರಿಕೆ ಹೊದ್ದ ನೆಲವನ್ನು ಪಟ್ಟಿ ಪಟ್ಟಿಯಾಗಿ ಸೀಳಿಸಿ, ಗುದ್ದಲಿಯಲ್ಲಿ ಕತ್ತರಿಸಿ, ಗಾಡಿಯಲ್ಲಿ ಹೇರಿಸಿಕೊಂಡು ಹೋದರು. ಹುಲ್ಲು ಕೆಳಮುಖವಾಗಿ ಪೇರಿಸಬೇಕೆಂದು ಪುಸ್ತಕದಲ್ಲಿತ್ತು, ಹಾಗೇ ಪೇರಿಸಿದರು. ಅಮೆರಿಕದ ಬಯಲಿನ ಹುಲ್ಲು ಕೆಳಮುಖ ಹಾಕಿದರೆ ಸಾಯುತ್ತದೋ ಏನೋ. ನಮ್ಮ ಗರಿಕೆ ಅಷ್ಟು ಸುಲಭಕ್ಕೆ ಸಾಯುವ ಜಾತಿಯಲ್ಲ ಎಂದು ಗಣಪತಿ ಪೂಜೆಗೆ ಗರಿಕೆ ಕಿತ್ತ ಯಾವ ಮಗುವಾದರೂ ಹೇಳುತ್ತಿತ್ತು. ಮೇಲೆ ತೆಂಗಿನ ಗರಿಯ ಸೂರು. ಹಿಂಗೋಡೆಗೆ ಒತ್ತು ಬೇಕಾಗಿತ್ತು. ಗೋಮಾಳದ ನಡುವೆ ಎದೆಯೆತ್ತರದ ಒಂದು ಕಲ್ಲು ನೆಟ್ಟಿತ್ತು, ಅಂಚುಗಳೆಲ್ಲ ಸವೆದು ಎಣ್ಣೆ ಹಚ್ಚಿದ ಹಾಗೆ ಹೊಳೆಯುತ್ತಿದ್ದ ಕಲ್ಲು. ಅಪ್ಪ ಅದಕ್ಕೇ ಆನಿಸಿ ಹಿಂಗೋಡೆ ಕಟ್ಟಿದರು. 'ಬಿಟ್ಟಿ ಕಂಬ ಸಿಕ್ಕಿತು ನೋಡು' ಎಂದು ನನಗೆ ತೋರಿಸಿದರು. ಭಾನುವಾರ ಭಾನುವಾರ ಬಿಳಿಯರಿಗೆ ಒಂದೊಂದು ಕಲ್ಲನ್ನೂ ಬಿಡಿಸಿ ಬಿಡಿಸಿ ವಿವರಿಸುತ್ತಿದ್ದ ಮಹಾಶಯರಿಗೆ, ಬಯಲಿನ ನಡುವೆ ಒಂದು ಕಲ್ಲು ಯಾಕೆ ನೆಟ್ಟಿದೆ, ಯಾಕೆ ಸವೆದಿದೆ ಎಂದು ಕೇಳಬೇಕೆನ್ನಿಸಲಿಲ್ಲ. ಬಳ್ಳಿ, ಆನೆ, ಮದನಿಕೆ ಇಲ್ಲದ ಕಲ್ಲು ಅವರ ಲೆಕ್ಕಕ್ಕೆ ಕಲ್ಲೇ ಅಲ್ಲ.

ರಜೆ ಮುಗಿಯುವ ವಾರ ನಾವು ಅಲ್ಲಿಗೆ ಹೋದೆವು. ಅಜ್ಜಿ ಹೊಸ್ತಿಲ ಮೇಲೆ ಕೂತುಬಿಟ್ಟಳು.

"ನಾನು ಬರಕ್ಕಿಲ್ಲ ಕಣೋ. ನನ್ನ ಲಿಂಗಪೂಜೆ ಈ ಮನೇಲೇ. ನಿನ್ನ ಗಡ್ಡದ ಸ್ವಾಮಿ ಬೇಕಾದ್ರೆ ಎತ್ಕೊಂಡು ಹೋಗು."

ಅಪ್ಪ ನಿಜಕ್ಕೂ ಚಿತ್ರ ಇಳಿಸಿ ಎತ್ತಿಕೊಂಡರು. ಅವ್ವ ಎರಡು ಪಾತ್ರೆ, ಒಂದು ಒನಕೆ, ಹಾಸಿಗೆ ಸುತ್ತಿ ಗಾಡಿಗೆ ಹಾಕಿದಳು. ಅವಳು ಅರಸೀಕೆರೆಯ ಕೊಬ್ಬರಿ ವ್ಯಾಪಾರಸ್ಥರ ಮನೆ ಮಗಳು, ಹೆಂಚಿನ ಮನೆ, ಬಾಗಿಲ ಮುಂದೆ ನಾಲ್ಕು ಜನ ಓಡಾಡುವ ಬೀದಿ, ಮಾತಿಗೆ ಪಕ್ಕದ ಮನೆಯವರು, ಇಷ್ಟು ಬಿಟ್ಟು ಬದುಕಿ ಗೊತ್ತಿಲ್ಲದವಳು. ಅವಳ ಅಣ್ಣ, ಅಂದರೆ ನಮ್ಮ ಸೋದರಮಾವ, ಸುದ್ದಿ ತಿಳಿದು ಅರಸೀಕೆರೆಯಿಂದ ಬಂದ. ತಂಗಿಯನ್ನು ಕರೆದುಕೊಂಡು ಹೋಗುತ್ತಾನೆ ಎಂದು ನಾನು ಬಟ್ಟೆ ಗಂಟು ಕಟ್ಟಿಕೊಂಡು ಕೂತಿದ್ದೆ. ಅವನು ಗೋಡೆಯನ್ನು ಬೆರಳಲ್ಲಿ ಕುಕ್ಕಿ ನೋಡಿ ಹೊಟ್ಟೆ ಹಿಡಿದುಕೊಂಡು ನಕ್ಕ. ಆಮೇಲೆ ಬಯಲಿನ ಈ ತುದಿಯಿಂದ ಆ ತುದಿ ನಡೆದು ಬಂದ. ಬರುವಾಗ ನಗು ಇರಲಿಲ್ಲ.

"ಭಾವ, ನೆಲ ಚೆನ್ನಾಗಿದೆ. ಮಂಜೂರಾಗಲಿ, ತೆಂಗಿನ ಸಸಿ ನಾನು ಹಾಕಿಸ್ತೀನಿ. ತಂಗ್ಯವ್ವ, ಸ್ವಲ್ಪ ಸಹಿಸ್ಕೊ ನೀನು."

ಒಬ್ಬರಿಗೆ ಜರ್ಮನಿ, ಇನ್ನೊಬ್ಬನಿಗೆ ಕೊಬ್ಬರಿ. ಸಹಿಸಿಕೊಳ್ಳಬೇಕಾದವಳು ಒಬ್ಬಳೇ. ಅವ್ವ ಅಣ್ಣನಿಗೆ ಕರಿ ಕಾಫಿ ಕೊಟ್ಟು ಕಳಿಸಿದಳು. ನಾನು ಗಂಟು ಬಿಚ್ಚಿ ಬಟ್ಟೆಗಳನ್ನು ಮತ್ತೆ ಹಗ್ಗದ ಮೇಲೆ ಹಾಕಿದೆ.

ನಾವು ಹೋಗುವ ಹೊತ್ತಿಗೆ ಎರಡು ಮೂರು ಹದ ಮಳೆ ಬಿದ್ದಿತ್ತು. ಮನೆ ಹಸಿರಾಗಿತ್ತು. ಹೆಂಟೆ ಹೆಂಟೆಯ ಸಂದಿನಿಂದ ಗರಿಕೆ ಚಿಗುರಿ, ಹೊರಗಿನ ಗೋಡೆ ಪೂರ್ತಿ ಎಳೆ ಹುಲ್ಲು. ಅಪ್ಪ ಅದನ್ನೂ ಹೊಗಳಿದರು, 'ಜೀವಂತ ಗೋಡೆ' ಎಂದರು. ಶಾಲೆ ಶುರುವಾಯಿತು. ಅಪ್ಪ ಬೆಳಿಗ್ಗೆ ಸೈಕಲ್ ಹತ್ತಿ ಹೊರಡುವರು, ಒಂದು ಫರ್ಲಾಂಗು ಆಚೆ ತಿರುವಿನಲ್ಲಿ ಅವರು ಮರೆಯಾಗುತ್ತಿದ್ದ ಹಾಗೇ ಬಸ್ತಿಹಳ್ಳಿಯ ದನಗಳು ಬರುವವು. ಎಂದಿನಂತೆ ಬಯಲಿಗೆ ಹರಡಿಕೊಳ್ಳುವವು, ಎಂದಿನಂತೆ ಆ ಕಲ್ಲಿನ ಹತ್ತಿರ ಮೈ ಉಜ್ಜಿಕೊಳ್ಳಲು ಬರುವವು. ಆ ಕಲ್ಲು ಇದ್ದದ್ದೇ ಅದಕ್ಕೆ. ಮೇಯ್ದು ಬಂದ ದನ ಬೆನ್ನು, ಕುತ್ತಿಗೆ ತುರಿಸಿಕೊಳ್ಳಲಿ ಎಂದು ಯಾರೋ ಪುಣ್ಯಕ್ಕೆ ನೆಡಿಸಿದ್ದು. ಈಗ ಕಲ್ಲಿಗೆ ಅಂಟಿಕೊಂಡು ಗೋಡೆ ಇತ್ತು. ಅವು ಗೋಡೆಗೇ ಮೈ ಉಜ್ಜಿದವು. ಉಜ್ಜುತ್ತಾ ಉಜ್ಜುತ್ತಾ ಹುಲ್ಲು ಕಂಡವು. ಮೇಯಲು ಶುರು ಮಾಡಿದವು.

ಒಂದು ದಿನ ನನಗೆ ಜ್ವರ, ಶಾಲೆಗೆ ಹೋಗಿರಲಿಲ್ಲ. ಮೂಲೆಯಲ್ಲಿ ಕಂಬಳಿ ಹೊದ್ದು ಮಲಗಿದ್ದೆ. ಅವ್ವ ಸೌದೆ ಒಲೆಯ ಮುಂದೆ ಊದುಗೊಳವೆ ಹಿಡಿದು ಕೂತಿದ್ದಳು. ಹಿಂಗೋಡೆಯಲ್ಲಿ ಪರ ಪರ ಸದ್ದಾಯಿತು, ಮಣ್ಣು ಉದುರಿತು, ನೋಡುತ್ತಿದ್ದ ಹಾಗೇ ಗೋಡೆಯಿಂದ ಒದ್ದೆ ಮೂತಿಯೊಂದು ಒಳಗೆ ಬಂತು. ಕೆಂದಿ. ಬಾಯ್ತುಂಬ ಗರಿಕೆ, ಅಗಿಯುತ್ತಾ ನಮ್ಮನ್ನು ನೋಡಿತು. ಕೋಸನ್ನು ಮೂಸಿ ಬಿಟ್ಟ ಅದೇ ಹಸು ಮನೆಯನ್ನು ತಿನ್ನುತ್ತಿತ್ತು. ಅವ್ವ ಊದುಗೊಳವೆ ಎತ್ತಿಕೊಂಡು ಹೊರಗೆ ಓಡಿದಳು. ಹೊಂಗೆ ಮರದ ಕೆಳಗೆ ಪುಟ್ಟಕ್ಕ ಕೂತಿದ್ದಳು, ದಿನಾ ಅಲ್ಲೇ ಕೂರುತ್ತಿದ್ದಳು, ನಾವು ಅಲ್ಲಿಗೆ ಬಂದಾಗಿನಿಂದ ಒಂದು ದಿನವೂ ಅವ್ವನ ಕಡೆ ಕಣ್ಣೆತ್ತಿ ನೋಡಿರಲಿಲ್ಲ.

"ಪುಟ್ಟಕ್ಕ, ನಿನ್ನ ಹಸು ನಮ್ಮ ಮನೆ ತಿಂತಾ ಇದೆ ಕಣೆ."

"ತಿನ್ಲಿ ಬುಡಿ ಮೇಷ್ಟ್ರಮ್ಮ. ಅದು ಮನೆ ಅಂತ ಅದ್ಕೆ ಹೆಂಗೆ ಗೊತ್ತಾಯ್ತದೆ? ಹುಲ್ಲು ಅನ್ಕಂಡೈತೆ."

ಅವ್ವ ಊದುಗೊಳವೆ ಹಿಡಿದೇ ನಿಂತಿದ್ದಳು. ಆಮೇಲೆ ಅವಳಿಗೆ ನಗು ಬಂತು. ಆ ಬಯಲಿಗೆ ಬಂದ ಮೇಲೆ ಅವಳು ನಕ್ಕಿದ್ದನ್ನು ನಾನು ಕೇಳಿದ್ದು ಅದೇ ಮೊದಲು. ಪುಟ್ಟಕ್ಕ ನಗಲಿಲ್ಲ.

"ನೀವು ನಗ್ತೀರ. ಅರ್ಜಿಗೆ ನೀವೇ ರುಜು ಹಾಕಿದೀರಂತಲ್ಲ?"

"ಹಾಕು ಅಂದ್ರು. ಹಾಕಿದೆ."

"ಹಂಗಾರೆ ನಾಳೆ ಇಲ್ಲಿ ಬೇಲಿ ಬಿದ್ಮೇಲೆ ನನ್ ದನ ಎತ್ತಾಗೆ ಹೊಡ್ಕೊಂಡು ಹೋಗ್ಲಿ ಅಂತ್ಲೂ ನೀವೇ ಹೇಳ್ಬುಡಿ ಕಣವ್ವ. ನನ್ನ ಮನೆ ಒಲೆ ಉರಿಯೋದೇ ಇವುಗಳಿಂದ."

ಅವ್ವ ಒಳಗೆ ಬಂದು ಕೆಂದಿಯ ಮೂತಿಗೆ ಒಂದು ಹಿಡಿ ಬೂಸಾ ಹಿಡಿದಳು, ಅದು ತಿಂದಿತು. ಆಮೇಲೆ ಕೂತು ಆ ತೂತನ್ನೇ ನೋಡುತ್ತಿದ್ದಳು. ಅದರಾಚೆ ಬಯಲು, ದನ, ಹೊಂಗೆ ಮರ, ಮರದ ಕೆಳಗೆ ಹೆಂಗಸು ಎಲ್ಲ ಕಾಣುತ್ತಿತ್ತು. ಸಂಜೆ ಅಪ್ಪ ಬಂದು ತೂತಿಗೆ ಮಣ್ಣು ಮೆತ್ತಿ, ದನಗಳಿಗೂ ಅವನ್ನು ಸಾಕಿದವರಿಗೂ ಬುದ್ಧಿಯಿಲ್ಲ ಎಂದು ಬೈದರು. ಜರ್ಮನ್ನರಿಗೂ ಹೀಗೇ ತೊಂದರೆ ಕೊಡುತ್ತಿದ್ದರಂತೆ, ಆದರೆ ಅವರು ಎದೆಗುಂದಲಿಲ್ಲವಂತೆ. ಯಾರು ತೊಂದರೆ ಕೊಡುತ್ತಿದ್ದರು ಎಂದು ಅವ್ವ ಕೇಳಿದಳು. ಅಪ್ಪ ಮಾತು ತಿರುಗಿಸಿದರು. ಮುಂದಿನ ದಿನಗಳಲ್ಲಿ ಅಪ್ಪ ಸಂಜೆ ಮೆತ್ತುವುದು, ದನ ಹಗಲು ತಿನ್ನುವುದು ನಡೆಯಿತು. ಹಗಲು ಅವ್ವ ಮನೆಯೊಳಗೆ ಇರುವುದನ್ನೇ ಬಿಟ್ಟಳು, ಕೆಲಸ ಮುಗಿಸಿ ಹೋಗಿ ಹೊಂಗೆ ಮರದ ಕೆಳಗೆ ಪುಟ್ಟಕ್ಕನಿಂದ ಒಂದಿಷ್ಟು ದೂರದಲ್ಲಿ ಕೂರುವಳು. ಇಬ್ಬರೂ ಮಾತಾಡಿದ್ದನ್ನು ನಾನು ಅಷ್ಟಾಗಿ ಕಾಣೆ.

ರೆವಿನ್ಯೂ ಇನ್‌ಸ್ಪೆಕ್ಟರು ಸ್ಥಳ ನೋಡಿ ಮಹಜರು ಬರೆದುಕೊಳ್ಳಲು ಬೇಲೂರಿನಿಂದ ಬರುತ್ತಾರೆ ಎಂದು ತಿಳಿದ ದಿನ ಅಪ್ಪ ಅವ್ವನನ್ನು ಕೂರಿಸಿಕೊಂಡು ಪಾಠ ಹೇಳಿಕೊಟ್ಟರು. ಅರ್ಜಿ ಅವಳ ಹೆಸರಿನಲ್ಲಿದ್ದದ್ದರಿಂದ ಅವಳನ್ನೇ ಕೇಳುವುದಿತ್ತು. ಇಲ್ಲೇ ವಾಸವೇ ಎಂದರೆ ಹೌದು ಎನ್ನಬೇಕು. ಜಾಗ ಖಾಲಿಯೇ ಎಂದರೆ ಹೌದು ಎನ್ನಬೇಕು. ಅವ್ವ 'ಹೂಂ' ಅಂದಳು. ಅವಳು ಹೌದು ಅಂದರೆ ಐದು ವರ್ಷ ಆ ಗೂಡಿನಲ್ಲಿ ಕೊಳೆಯಬೇಕು ಎಂಬುದಷ್ಟೇ ನನ್ನ ತಲೆಯಲ್ಲಿದ್ದದ್ದು. ಅವಳ ತಲೆಯಲ್ಲಿ ಏನಿತ್ತೋ, ಮುಖ ನೋಡಿ ಹೇಳುವ ಹಾಗಿರಲಿಲ್ಲ.

ಇನ್‌ಸ್ಪೆಕ್ಟರು ಛತ್ರಿ ಹಿಡಿದು ಬಂದರು. ಕುರ್ಚಿ ತರಲು ಶಾಲೆಗೆ ಹುಡುಗರನ್ನು ಓಡಿಸಿದ್ದಾಯಿತು. ಬಸ್ತಿಹಳ್ಳಿಯ ಗಂಡಸರೂ ಬಂದು ನಿಂತರು. ಇವರೆಲ್ಲ ವಾರಗಟ್ಟಲೆ ಊರ ಕಟ್ಟೆಯ ಮೇಲೆ ಕೂತು, ಮೇಷ್ಟ್ರನ್ನ ಒಂದು ಕೈ ನೋಡ್ಕೋತೀವಿ ಅಂತ ಮೀಸೆ ತಿರುವಿದವರೇ. ಅಪ್ಪ ಎದುರಿಗೆ ನಿಂತದ್ದೇ ತಡ, ಟವೆಲ್ ಹೆಗಲಿಂದ ಕೈಗೆ ಬಂತು. ಅವರ ಮಕ್ಕಳೆಲ್ಲ ಮೇಷ್ಟ್ರ ಕ್ಲಾಸಿನಲ್ಲಿದ್ದವು. ಇನ್‌ಸ್ಪೆಕ್ಟರು ಕೇಳಿದರು.

"ಏನ್ರಪ್ಪ, ತಕರಾರಿದೆಯಾ ಯಾರದ್ದಾದ್ರೂ?"

"ಮೇಷ್ಟ್ರು ತಿಳಿದೋರು ಸ್ವಾಮಿ. ಅವರು ಹೇಳಿದ ಮ್ಯಾಲೆ ನಮ್ಮದೇನೈತೆ."

ಇಂಥ ಗಂಡಸರಿಗಿಂತ ಗೋಡೆ ತಿಂದ ದನ ವಾಸಿ. ಪುಟ್ಟಕ್ಕನನ್ನು ಯಾರೂ ಕೇಳಲೇ ಇಲ್ಲ. ಅವಳು ದನಗಳ ಜೊತೆ ದೂರದಲ್ಲಿ ನಿಂತಿದ್ದಳು, ಸಾಹೇಬರ ಲೆಕ್ಕದಲ್ಲಿ ಅವಳೂ ದನಗಳ ಕಡೆಯವಳೇ. ಇನ್‌ಸ್ಪೆಕ್ಟರು ಅಪ್ಪನ ಕಡೆ ತಿರುಗಿದರು.

"ಖಾಲಿ ಜಾಗ, ಅಲ್ವಾ ಮೇಷ್ಟ್ರೇ?"

"ಪೂರ್ತಿ ಖಾಲಿ ಸಾರ್. ನಾವು ಬಂದ ಮೇಲೇ ಇಲ್ಲಿ ಮನುಷ್ಯರ ಸುಳಿವು."

"ಅರ್ಜಿದಾರರು ನೀವಾ ತಾಯಿ? ಇಲ್ಲೇ ವಾಸ ಇದ್ದೀರಾ?"

ಅವ್ವ ಸೆರಗು ಹೊದ್ದು ಬಾಗಿಲಲ್ಲಿ ನಿಂತಿದ್ದಳು. ಎರಡು ಹೆಜ್ಜೆ ಮುಂದೆ ಬಂದಳು.

"ಇದ್ದೀನಿ ಸ್ವಾಮಿ. ದನದ ಜಾಗದಲ್ಲಿ ಇದ್ದೀನಿ."

"ಹಾಗಂದ್ರೆ?"

"ಹಿಂದುಗಡೆ ಬಂದು ನೋಡಿ. ಆ ಕಲ್ಲು ದನ ಮೈ ಉಜ್ಜಲಿ ಅಂತ ಹಿಂದಿನೋರು ನೆಟ್ಟಿದ್ದು. ಅವು ದಿನಾ ಬರ್ತವೆ. ಇವರು ಸ್ಕೂಲಿಗೆ ಹೋದ್ಮೇಲೆ ಬರ್ತವೆ, ಅದಕ್ಕೆ ಇವರ ಕಣ್ಣಿಗೆ ಬಿದ್ದಿಲ್ಲ. ಅವನ್ನ ಕಾಯೋರೂ ಬರ್ತಾರೆ. ಅಗೋ, ನಿಂತಿದ್ದಾಳಲ್ಲ, ಪುಟ್ಟಕ್ಕ, ನಮ್ಮ ಮನೆಗೆ ಹಾಲು ಹಾಕೋಳು. ಖಾಲಿ ಜಾಗ ಅಲ್ಲ ಸ್ವಾಮಿ ಇದು. ನನ್ನ ಅರ್ಜಿ ನನಗೆ ವಾಪಸ್ ಕೊಟ್ಬಿಡಿ."

ಇನ್‌ಸ್ಪೆಕ್ಟರು ಹಿಂದಕ್ಕೆ ಹೋಗಿ ನೋಡಿದರು. ಕಲ್ಲು, ಕಲ್ಲಿನ ಸುತ್ತ ಗೊರಸು ತುಳಿದ ಕೆಸರು, ಅರ್ಧ ತಿಂದ ಗೋಡೆ, ತೂತಿನಲ್ಲಿ ಒಳಗಿನ ಗಡ್ಡದ ಯಜಮಾನನ ಫೋಟೋ, ಅಜ್ಜಿ ಹಚ್ಚಿದ ವಿಭೂತಿ ಸಮೇತ. ಅವರಿಗೆ ನಗು ತಡೆಯಲಾಗಲಿಲ್ಲ. ಆಗ ಬಸ್ತಿಹಳ್ಳಿಯ ಗಂಡಸರಿಗೂ ಧೈರ್ಯ ಬಂತು, ಅವರೂ ನಕ್ಕರು. ಅಪ್ಪ ನನ್ನ ಕಡೆ ಒಮ್ಮೆ, ಅವ್ವನ ಕಡೆ ಒಮ್ಮೆ ನೋಡಿ, ಸೈಕಲ್ ತಳ್ಳಿಕೊಂಡು ಹೊರಟುಹೋದರು. ಹತ್ತಲಿಲ್ಲ, ತಳ್ಳಿಕೊಂಡೇ ಹೋದರು. ಅವತ್ತು ಒಂದು ಕ್ಷಣ ನನಗೆ ಅವರ ಮೇಲೆ ಕನಿಕರ ಬಂದದ್ದು ನಿಜ. ಅದು ಬಹಳ ಹೊತ್ತು ಉಳಿಯಲಿಲ್ಲ.

ಮುಂದೆ ಅಪ್ಪ ಬದುಕಿದ್ದಷ್ಟು ಕಾಲ, ದೇವಸ್ಥಾನದ ಮುಂದೆ ಸಿಕ್ಕ ಬಿಳಿಯರಿಗೆಲ್ಲ ಈ ಕಥೆ ಹೇಳಿದರು. ಅದರಲ್ಲಿ ಜಾಗ ಖಾಲಿಯೇ ಇತ್ತು, ಜನಕ್ಕೆ ಸಾಹಸ ಇರಲಿಲ್ಲ, ಮಳೆ ಜಾಸ್ತಿಯಾಗಿ ಮನೆ ಕುಸಿಯಿತು. ಹಸುವಿನ ಸುದ್ದಿಯೂ ಇಲ್ಲ, ಹೆಂಡತಿಯ ಸುದ್ದಿಯೂ ಇಲ್ಲ. ಈಗಿನ ನನ್ನ ವಿದ್ಯಾವಂತ ನೆಂಟರೂ ಅದೇ ಮನೆತನದವರು. ಎಲ್ಲಿಗೇ ಹೋಗಲಿ, ಕಾರಿನಿಂದ ಇಳಿದು ಸೊಂಟಕ್ಕೆ ಕೈಯಿಟ್ಟು, 'ಎಷ್ಟು ಜಾಗ ಖಾಲಿ ಬಿದ್ದಿದೆ ನೋಡಿ ಆಂಟಿ' ಅನ್ನುತ್ತಾರೆ. ಆ ಗೋಮಾಳದ ಅರ್ಧ ಈಗ ಯಾರ್ಯಾರದೋ ತಂತಿ ಬೇಲಿಯೊಳಗಿದೆ. ಉಳಿದರ್ಧದಲ್ಲಿ ಕಲ್ಲು ನಿಂತಿದೆ, ಹೋದ ತಿಂಗಳು ಬಸ್ಸಿನಲ್ಲಿ ಹೋಗಿ ನೋಡಿಕೊಂಡು ಬಂದೆ. ಒಂದು ಜರ್ಸಿ ಹಸು ಕುತ್ತಿಗೆ ಉಜ್ಜುತ್ತಿತ್ತು. ಜರ್ಮನ್ನರ ಚಿತ್ರ ನನ್ನ ಅರಸೀಕೆರೆಯ ಮನೆಯಲ್ಲಿದೆ. ಗಾಜು ಒರೆಸುತ್ತೇನೆ, ವಿಭೂತಿ ಹಚ್ಚುವುದಿಲ್ಲ.

ಇನ್‌ಸ್ಪೆಕ್ಟರು ಹೋದ ಮೇಲೆ ಅವತ್ತು ಅವ್ವ ಯಾರಿಗೂ ಕಾಯಲಿಲ್ಲ. ದಾರಿಯಲ್ಲಿ ಹೋಗುತ್ತಿದ್ದ ಗಾಡಿ ನಿಲ್ಲಿಸಿ, ಪಾತ್ರೆ, ಒನಕೆ, ಹಾಸಿಗೆ, ಚಿತ್ರ ಹೇರಿಸಿ, ನನ್ನನ್ನು ಮೇಲೆ ಕೂರಿಸಿ ಹಳೇಬೀಡಿಗೆ ಬಂದಳು. ಅಜ್ಜಿ ಬಾಗಿಲಲ್ಲೇ ಇದ್ದಳು, ಚಿತ್ರ ಇಸಿದುಕೊಂಡು ಮೊಳೆಗೆ ತಗುಲಿಸಿದಳು. ಅಪ್ಪ ಹಜಾರದ ಕುರ್ಚಿಯಲ್ಲಿ ಗೋಡೆಗೆ ಮುಖ ಮಾಡಿ ಕೂತಿದ್ದರು. ಅವ್ವ ಅವರನ್ನು ದಾಟಿಕೊಂಡು ಒಳಗೆ ಹೋಗಿ ಒಲೆ ಹಚ್ಚಿದಳು. ದೀಪ ಹಚ್ಚುವ ಹೊತ್ತಿಗೆ ಹಿತ್ತಲ ಬಾಗಿಲಲ್ಲಿ ಪುಟ್ಟಕ್ಕ ಬಂದು ನಿಂತಳು. ತನ್ನ ತಂಬಿಗೆಯಿಂದ ನಮ್ಮ ಪಾತ್ರೆಗೆ ಹಾಲು ಸುರಿದು ಹೋದಳು. ಅವ್ವ ಅದನ್ನು ಕಾಯಿಸಿ, ಕಾಫಿ ಬೆರೆಸಿ, ಲೋಟ ತಂದು ಅಪ್ಪನ ಮುಂದಿಟ್ಟಳು. ಎಷ್ಟೋ ಕಾಲದ ಮೇಲೆ ಬಿಳಿ ಕಾಫಿ. ಅಪ್ಪ ಲೋಟ ನೋಡಿದರು.

"ಹಾಲು ಎಲ್ಲಿಂದ ಬಂತು?"

"ಯಾರೂ ಇಲ್ಲದ ಜಾಗದಿಂದ ಬಂತು. ಆರಿಹೋಗುತ್ತೆ, ಕುಡೀರಿ."

ಅಪ್ಪ ಕುಡಿದರು.